ಕಂದೀಲಿನ ಗಾಜು

ನನ್ನ ಬಲಗೈಯ ಕಿರುಬೆರಳು ಮತ್ತು ಉಂಗುರದ ಬೆರಳು ಪೂರ್ತಿ ನೆಟ್ಟಗಾಗುವುದಿಲ್ಲ. ಇನ್ನು ಆಗಲಿಕ್ಕಿಲ್ಲ ಎಂದು ಡಾಕ್ಟರು ಹೇಳಿದ್ದಾರೆ. ಉಳಿದದ್ದು ಗುಣವಾಗಿದೆ. ಹನ್ನೆರಡು ತಿಂಗಳ ಮಾತ್ರೆ ಮೊನ್ನೆ ಮುಗಿಯಿತು. ನನಗೆ ಬಂದದ್ದು ಕುಷ್ಠ. ಈ ಶಬ್ದವನ್ನು ಮೊದಲೇ ಬರೆದುಬಿಡುತ್ತಿದ್ದೇನೆ. ಮುಂದೆ ಹಾಕಿದರೆ ಬರೆಯದೇ ಉಳಿದೀತು ಎಂಬ ಭಯ ನನಗಿದೆ. ಒಬ್ಬಳಿಗೆ ಹೇಳಬೇಕಾದದ್ದನ್ನು ನಾನು ಹಾಗೆಯೇ ನಾಲ್ಕು ತಿಂಗಳು ಮುಂದೆ ಹಾಕಿದ್ದೆ.

ನಾನು ಅವರ್ಸಾದವನು. ಅಂಕೋಲೆಯ ಒಂದು ಸ್ಟುಡಿಯೋದಲ್ಲಿ ಮದುವೆಯ ವಿಡಿಯೋ ಕತ್ತರಿಸಿ ಜೋಡಿಸುವುದು ನನ್ನ ಹೊಟ್ಟೆಪಾಡು. ಉಳಿದ ಹೊತ್ತಿನಲ್ಲಿ ನಾನು ನಟ. ನಮ್ಮ ನಾಟಕಗಳಿಗೆ ಪೋಸ್ಟರ್ ಇರಲಿಲ್ಲ, ಟಿಕೆಟ್ ಇರಲಿಲ್ಲ. ಕಾರವಾರದಲ್ಲಿ ಮುಚ್ಚಿಹೋದ ಒಂದು ಐಸ್ ಫ್ಯಾಕ್ಟರಿ ಇತ್ತು. ಹೆಚ್ಚಾಗಿ ಅಲ್ಲಿ ಆಡುತ್ತಿದ್ದೆವು. ಕೆಲವೊಮ್ಮೆ ಯಾರದೋ ಮನೆಯ ಮಾಳಿಗೆಯಲ್ಲಿ, ಒಮ್ಮೆ ರಿಪೇರಿಗೆಂದು ದಡಕ್ಕೆ ಎಳೆದಿದ್ದ ದೋಣಿಯೊಳಗೆ. ‘ಶನಿವಾರ ಸಂಜೆ ಊಟಕ್ಕೆ ಬನ್ನಿ’ ಎಂದು ಫೋನಿನಲ್ಲಿ ಸಂದೇಶ ಹೋಗುತ್ತಿತ್ತು. ತಿಳಿದವರು ಬರುತ್ತಿದ್ದರು, ಮೂವತ್ತು, ಹೆಚ್ಚೆಂದರೆ ನಲವತ್ತು ಜನ. ಒಂದು ನಾಟಕದಲ್ಲಿ ನಾನು ಬಟ್ಟೆ ಕಳಚಿ ನಿಂತಿದ್ದೆ. ಆಮೇಲೆ ಊರಿನ ಯಾವ ಸಭಾಗೃಹವೂ ನಮಗೆ ಸಿಗಲಿಲ್ಲ. ಅಂಕೋಲೆಯ ಚಹಾದಂಗಡಿಯವನು ನನ್ನನ್ನು ಕಂಡಾಗಲೆಲ್ಲ, “ಏ ವಸಂತಾ, ಇವತ್ತ ಬಟ್ಟೆ ಹಾಕ್ಕಂಡ್ ಬಂದ್ಯಾ? ಅಡ್ಡಿಲ್ಲ, ಕುಳ್ಳು” ಎಂದು ಬೆಂಚು ತೋರಿಸುತ್ತಿದ್ದ. ಸಭಾಗೃಹ ಸಿಗದ್ದರ ಬಗ್ಗೆ ನಮಗೆ ಹೆಮ್ಮೆಯೇ ಇತ್ತು.

ನಮ್ಮ ತಂಡಕ್ಕೆ ಒಂದು ನಿಯಮವಿತ್ತು. ರಂಗದ ಮೇಲೆ ಸುಳ್ಳು ಇರಬಾರದು. ಹೊಡೆದರೆ ನಿಜವಾಗಿ ಹೊಡೆಯಬೇಕು, ಹಸಿದವನ ಪಾತ್ರವಾದರೆ ಆ ದಿನ ಉಣ್ಣಬಾರದು. ನೋಡುವವರು ಚಪ್ಪಾಳೆ ತಟ್ಟಬಾರದು, ಸುಮ್ಮನೆ ಎದ್ದು ಹೋಗಬೇಕು. ಈ ನಿಯಮ ಮಾಡಿದವನು ನಮ್ಮ ನಿರ್ದೇಶಕ ರಮಾಕಾಂತಣ್ಣ. ಹಗಲಿಗೆ ಮಲ್ಲಾಪುರದ ಕಾಲೋನಿಯಲ್ಲಿ ಗುತ್ತಿಗೆಯ ಮೇಲೆ ವೈರಿಂಗ್ ಕೆಲಸ ಮಾಡುತ್ತಿದ್ದ. ಅವನು ಹೇಳಿದ್ದನ್ನು ನಾನು ನಂಬಿದ್ದೆ. ಸುಲಭಾ ನನಗಿಂತ ಹೆಚ್ಚು ನಂಬಿದ್ದಳು.

ಸುಲಭಾಳದು ಸದಾಶಿವಗಡ. ಮನೆಮಾತು ಕೊಂಕಣಿ. ಗೋವಾ ರಸ್ತೆಯ ಪಕ್ಕ ಒಂದು ಖೋಲಿಯಲ್ಲಿ ಅವಳ ಟೇಲರಿಂಗ್ ಅಂಗಡಿ. ಬ್ಲೌಸ್ ಹೊಲಿದು ಮುಗಿಸಿ, ಬಾಗಿಲೆಳೆದು, ಬಸ್ಸು ಹತ್ತಿ ತಾಲೀಮಿಗೆ ಬರುತ್ತಿದ್ದಳು. ಐದು ವರ್ಷ ನಾವು ಗಂಡ ಹೆಂಡತಿಯಾಗಿ, ಅಣ್ಣ ತಂಗಿಯಾಗಿ, ಒಮ್ಮೆ ತಾಯಿ ಮಗನಾಗಿಯೂ ಆಡಿದ್ದೇವೆ. ಒಂದೇ ತಟ್ಟೆಯಲ್ಲಿ ಉಂಡಿದ್ದೇವೆ. ಅವಳಷ್ಟು ಒಳ್ಳೆಯ ನಟಿಯನ್ನು ನಾನು ಕಂಡಿಲ್ಲ.

ಕೊನೆಯ ನಾಟಕದಲ್ಲಿ ಒಂದು ಕಂದೀಲು ಇತ್ತು. ಸುತ್ತಲಿನ ತಂತಿಯನ್ನು ಕಿತ್ತಿದ್ದೆವು. ಹಾಗಾಗಿ ಗಾಜು ಎತ್ತಿದರೆ ಕೈಗೆ ಬರುತ್ತಿತ್ತು. ಬಹಳ ವರ್ಷಗಳ ಮೇಲೆ ಮನೆಗೆ ಬಂದ ಗಂಡ, ಉರಿಯುತ್ತಿರುವ ಕಂದೀಲಿನ ಗಾಜನ್ನು ತೆಗೆಯುತ್ತಾನೆ. ಅದನ್ನು ಹಿಡಿದುಕೊಂಡೇ ನಾಲ್ಕು ಮಾತಾಡುತ್ತಾನೆ. ಹೆಂಡತಿಯ ಕೈಗೆ ಕೊಡುತ್ತಾನೆ, ದೀಪ ಊದುತ್ತಾನೆ. ಆಮೇಲೆ ಕತ್ತಲು. ಕತ್ತಲಲ್ಲಿ ಅವಳ ಕೊನೆಯ ಮಾತು. ತಾಲೀಮಿನಲ್ಲಿ ಗಾಜು ಹಿಡಿಯಲು ದಪ್ಪ ಬಟ್ಟೆಯ ಮಡಿಕೆ ಇಟ್ಟಿದ್ದೆವು.

ಮೊದಲ ಪ್ರದರ್ಶನದ ದಿನ ನಾನು ಬಟ್ಟೆ ಮರೆತೆ. ಗಾಜು ಬರಿಗೈಯಲ್ಲಿತ್ತು. ನನಗೆ ಅದು ತಿಳಿದದ್ದು ಎದುರು ಕೂತಿದ್ದ ಹೆಂಗಸೊಬ್ಬಳು ತನ್ನ ಬಾಯಿ ಮುಚ್ಚಿಕೊಂಡದ್ದನ್ನು ಕಂಡ ಮೇಲೆ. ಕೈ ಸುಡುತ್ತಿಲ್ಲವಲ್ಲ ಅನ್ನಿಸಿತು. ಆ ಕ್ಷಣದಲ್ಲಿ ನನಗೆ ಹೆದರಿಕೆ ಆಗಬೇಕಿತ್ತು. ಆದದ್ದು ಸಂತೋಷ. ಪಾತ್ರ ನನ್ನೊಳಗೆ ಪೂರ್ತಿ ಇಳಿದಿದೆ, ಅದಕ್ಕೇ ನೋವು ಬರುತ್ತಿಲ್ಲ ಎಂದು ತಿಳಿದೆ. ನಾಲ್ಕು ಮಾತನ್ನೂ ಅವಸರ ಮಾಡದೆ ಆಡಿದೆ. ಗಾಜನ್ನು ಸುಲಭಾಳತ್ತ ಚಾಚಿದೆ. ಅವಳ ಕೈಯಲ್ಲಿ ಬಟ್ಟೆಯಿತ್ತು. ನನ್ನ ಬರಿಗೈ ನೋಡಿ ಅವಳು ಆ ಬಟ್ಟೆಯನ್ನು ನೆಲಕ್ಕೆ ಬಿಟ್ಟು ಗಾಜು ತೆಗೆದುಕೊಂಡಳು. ನಾನು ದೀಪ ಊದಿದೆ.

ಕತ್ತಲಲ್ಲಿ ಅವಳ ಮಾತು ಒಂದೂ ತಪ್ಪಲಿಲ್ಲ. ಮುಖ ನನಗೆ ಕಾಣುತ್ತಿರಲಿಲ್ಲ.

ಆಟ ಮುಗಿದ ಮೇಲೆ ರಮಾಕಾಂತಣ್ಣ ನನ್ನ ಕೈ ಹಿಡಿದು ತಿರುಗಿಸಿ ನೋಡಿದ. ಅಂಗೈಯಲ್ಲಿ ಗುಳ್ಳೆ ಎದ್ದಿತ್ತು. “ಇಷ್ಟು ವರ್ಷ ನಾ ಹೇಳ್ತಿದ್ದದ್ದು ಇದನ್ನೇ” ಅಂದ. ಅವನ ಕಣ್ಣಲ್ಲಿ ನೀರಿತ್ತು. ಬಟ್ಟೆಯ ಮಡಿಕೆ ಆಮೇಲೆ ರಂಗಕ್ಕೆ ಬರಲೇ ಇಲ್ಲ. ಚಳಿಗಾಲವಿಡೀ ಆಡಿದೆವು. ಬೇಸಿಗೆಯಲ್ಲಿ ಅದನ್ನೇ ಸಿನಿಮಾ ಮಾಡಿದೆವು. ಸೆನ್ಸಾರಿಗೆ ಹೋಗದ, ಥಿಯೇಟರಿಗೆ ಬಾರದ ಸಿನಿಮಾ. ಯಾರದೋ ಮನೆಯ ಗೋಡೆಯ ಮೇಲೆ ಬೆಳಕು ಬಿಟ್ಟು ತೋರಿಸುವಂಥದ್ದು. ಗಾಜು ಕೈ ಬದಲಾಯಿಸುವ ದೃಶ್ಯವನ್ನು ಏಳು ಸಲ ತೆಗೆದೆವು. ಆರನೆಯ ಸಲ ಆದಮೇಲೆ ಸುಲಭಾ ಹೊರಗೆ ಹೋಗಿ ನೀರಿನ ಡ್ರಮ್ಮಿನೊಳಗೆ ಕೈ ಅದ್ದಿ ನಿಂತಿದ್ದಳು. ನಾನು ಹತ್ತಿರ ಹೋಗಿ ಏನು ಹೇಳಿದೆ ಎಂಬುದು ನನಗೆ ಚೆನ್ನಾಗಿ ನೆನಪಿದೆ. “ಮನಸ್ಸನ್ನ ಅಲ್ಲಿಂದ ತೆಗೀಬೇಕು ಸುಲಭಾ. ಆಗ ಗೊತ್ತಾಗೂದಿಲ್ಲ” ಅಂದೆ. ಅವಳು ತಲೆಯಾಡಿಸಿ ಏಳನೆಯ ಸಲಕ್ಕೆ ಒಳಗೆ ಬಂದಳು.

ಮಳೆಗಾಲಕ್ಕೆ ಮೊದಲು ಅವಳು ತಂಡ ಬಿಟ್ಟಳು. “ನಂಗೆ ಆಗೂದಿಲ್ಲ ಬಾಬಾ. ನೀವೆಲ್ಲ ಬೇರೆ ಜಾತಿಯ ಜನ” ಎಂದು ನಕ್ಕಳು. ನಾವು ಒತ್ತಾಯ ಮಾಡಲಿಲ್ಲ. ರಮಾಕಾಂತಣ್ಣ ಮಾತ್ರ, “ಎಲ್ಲರಿಗೂ ಕೊನೆತನಕ ಬರೂಕೆ ಆಗೂದಿಲ್ಲ” ಅಂದ. ನಾನು ಅದಕ್ಕೂ ತಲೆಯಾಡಿಸಿದೆ.

ಸಿನಿಮಾ ನೋಡಿದವರು ದೂರದ ಊರುಗಳಿಂದ ನನಗೆ ಫೋನ್ ಮಾಡತೊಡಗಿದರು. ಅದೇ ವೇಳೆಗೆ ಅಂಗಿಯ ಗುಂಡಿ ಹಾಕಲು ನನಗೆ ಹೊತ್ತು ಹಿಡಿಯುತ್ತಿತ್ತು. ಕಿರುಬೆರಳು ಒಳಗೆ ಬಾಗಿತ್ತು. ಅಂಗೈಯ ಒಂದು ಗಾಯ ಎರಡು ತಿಂಗಳಾದರೂ ಮಾಯಲಿಲ್ಲ. ಆ ಗಾಯ ತೋರಿಸಲೆಂದು ಕಾರವಾರದ ಆಸ್ಪತ್ರೆಗೆ ಹೋದೆ. ಅವರು ಚರ್ಮದ ವಿಭಾಗಕ್ಕೆ ಕಳಿಸಿದರು.

ಡಾಕ್ಟರು ನನಗಿಂತ ಚಿಕ್ಕ ವಯಸ್ಸಿನ ಹೆಂಗಸು. ಸುಟ್ಟದ್ದು ಹೇಗೆ ಎಂದು ಕೇಳಿದರು. ನಾನು ಸ್ವಲ್ಪ ಜಂಬದಲ್ಲೇ ಹೇಳಿದೆ, ನಾಟಕ, ಕಂದೀಲು, ಏಳು ಸಲ. ಅವರು ಬರೆಯುವುದನ್ನು ನಿಲ್ಲಿಸಿದರು.

“ನೋವಾಗ್ಲಿಲ್ವಾ?”

“ಅದು ಅಭ್ಯಾಸ ಮೇಡಮ್. ತಡ್ಕೊಳ್ಳೂದು ಕಲೀಬೇಕು.”

ಅವರು ಎದ್ದು ಬಂದು ನನ್ನ ಮೊಣಕೈ ಹಿಂದೆ ಬೆರಳಿಟ್ಟು ಏನನ್ನೋ ಹುಡುಕಿದರು. ಬೆನ್ನು ನೋಡಿದರು. ಬೆನ್ನ ಮೇಲೆ ಮಸುಕಾದ ಮಚ್ಚೆಯಿದೆ ಎಂಬುದು ನನಗೆ ಗೊತ್ತೇ ಇರಲಿಲ್ಲ. ಆಮೇಲೆ ಕೈಯನ್ನು ಮೇಜಿನ ಮೇಲೆ ಇಡಿಸಿ, “ಕಣ್ಣು ಮುಚ್ಚಿ. ನಾನು ಮುಟ್ಟಿದಾಗಲೆಲ್ಲ ಹೇಳಿ” ಅಂದರು. ನಾನು ಕಣ್ಣು ಮುಚ್ಚಿ ಕಾದೆ. ಹೊರಗೆ ಯಾರೋ ನಂಬರು ಕರೆಯುತ್ತಿದ್ದರು. ಫ್ಯಾನಿನ ಸದ್ದು ಕೇಳುತ್ತಿತ್ತು. ಸ್ವಲ್ಪ ಹೊತ್ತಾದ ಮೇಲೆ, “ಶುರು ಮಾಡಿ ಮೇಡಮ್” ಅಂದೆ.

“ಮುಗೀತು” ಅಂದರು ಅವರು.

ರೋಗದ ಹೆಸರನ್ನು ಅವರು ಮೆಲ್ಲಗೆ ಹೇಳಿದರು. ಮಾತ್ರೆಯಿಂದ ಗುಣವಾಗುತ್ತದೆ ಅಂದರು, ಎರಡು ಸಲ ಅಂದರು. ನಾನು ಕೇಳಿದ್ದು ಒಂದೇ ಪ್ರಶ್ನೆ. ಕೈ ಹೀಗೆ ಜಡವಾಗಿ ಎಷ್ಟು ಕಾಲವಾಗಿರಬಹುದು? “ಎರಡು ವರ್ಷವಂತೂ ಆಗಿದೆ. ಹೆಚ್ಚೂ ಆಗಿರಬಹುದು” ಅಂದರು. ನಾನು ಲೆಕ್ಕ ಹಾಕಿದೆ. ಮೊದಲ ಪ್ರದರ್ಶನಕ್ಕಿಂತ ಹಿಂದೆ.

ಚೀಟಿ ಹಿಡಿದು ಹೊರಗಿನ ಬೆಂಚಿನಲ್ಲಿ ಕೂತೆ. ರೋಗದ ಭಯ ಆಗ ಇನ್ನೂ ಬಂದಿರಲಿಲ್ಲ, ಅದು ಮನೆಗೆ ಹೋದಮೇಲೆ ಬಂತು. ಬೆಂಚಿನಲ್ಲಿ ಕೂತಾಗ ನನ್ನ ತಲೆಯಲ್ಲಿದ್ದದ್ದು ನೀರಿನ ಡ್ರಮ್ಮಿನ ಹತ್ತಿರ ನಾನು ಆಡಿದ ಮಾತು. ಪಕ್ಕದಲ್ಲಿ ಮುದುಕರೊಬ್ಬರು ಮಾತ್ರೆಯ ಪಟ್ಟಿಯನ್ನು ಮಡಿಲಲ್ಲಿಟ್ಟುಕೊಂಡು ಕೂತಿದ್ದರು. ಹರೆಯದಲ್ಲಿ ದೋಣಿಗೆ ಹೋಗುತ್ತಿದ್ದವರಂತೆ. ನನ್ನ ಚೀಟಿಯತ್ತ ನೋಡಿ, “ಮೊದ್ಲನೇ ಸಲನಾ?” ಅಂದರು. ಹೌದೆಂದೆ. “ಈ ಮಾತ್ರೆಗೆ ಮೈ ಕಪ್ಪಾಗ್ತದೆ. ಹೆದರ್ಬೇಡ, ಆಮೇಲೆ ಇಳೀತದೆ. ನಾ ಮೊದ್ಲೇ ಕಪ್ಪು, ನಂಗೇನು ಲುಕ್ಸಾನಿಲ್ಲ.” ನನಗೆ ನಗು ಬರಲಿಲ್ಲ. ಅವರು ತಾವೇ ನಕ್ಕು, ತಮ್ಮ ನೀರಿನ ಬಾಟಲಿಯ ಮುಚ್ಚಳ ತೆಗೆದು ನನ್ನ ಕೈಗೆ ಕೊಟ್ಟರು. ಮುಚ್ಚಳ ತೆಗೆದು ಕೊಟ್ಟರು ಎಂಬುದು ಎರಡು ಗುಟುಕು ಕುಡಿದ ಮೇಲೆ ನನಗೆ ಹೊಳೆಯಿತು. ನನ್ನ ಬೆರಳುಗಳನ್ನು ಅವರು ಆಗಲೇ ನೋಡಿದ್ದರು.

ಅವ್ವಿಗೆ, ನನ್ನ ತಾಯಿಗೆ, ಮನೆಯಲ್ಲಿ ಮೂರು ದಿನ ಹೇಳಲಿಲ್ಲ. ನಾಲ್ಕನೆಯ ದಿನ ಬಚ್ಚಲಲ್ಲಿ ಮೂತ್ರ ಕೆಂಪಾದದ್ದು ಕಂಡು ಅವಳೇ ಕೇಳಿದಳು. ಮಾತ್ರೆಯಿಂದ ಅಂದೆ. ಯಾವ ಮಾತ್ರೆ ಅಂದಳು. ಹೇಳಿದೆ. ಅವಳು ಆ ರೋಗದ ಹೆಸರನ್ನು ಬಾಯಲ್ಲಿ ಹೇಳಲಿಲ್ಲ. “ದೊಡ್ಡ ರೋಗನಾ?” ಎಂದಷ್ಟೇ ಕೇಳಿದಳು. ಒಲೆಯ ಮೇಲಿನ ಪಾತ್ರೆಯನ್ನು ಸೆರಗಿನಲ್ಲಿ ಹಿಡಿದು ಇಳಿಸಿದಳು. ಆಮೇಲೆ ಅಂದಳು, “ನೀ ಬಿಸಿ ಪಾತ್ರೆ ಬರಿಗೈಯಲ್ಲಿ ಇಳಸ್ತಿದ್ದೆ ತಮಾ. ನಾ ಕಂಡಿದ್ದೆ. ಮಗ ಗಟ್ಟಿಯಾದ ಅಂತ ತಿಳ್ಕಂಡೆ.”

ಮೋಸಹೋದವನು ನಾನೊಬ್ಬನೇ ಅಲ್ಲ ಎಂದು ಆಗ ಅನ್ನಿಸಿತು. ಅದರಿಂದ ಸಮಾಧಾನವೇನೂ ಆಗಲಿಲ್ಲ.

ಅವ್ವಿ ಒಂದು ವಾರ ನನ್ನ ತಟ್ಟೆಯನ್ನು ಬೇರೆ ತೊಳೆದಳು. ಗುಟ್ಟಾಗಿ ತೊಳೆಯುತ್ತಿದ್ದಳು, ನಾನು ಕಂಡೂ ಕಾಣದವನಂತೆ ಇದ್ದೆ. ಮನೆಗೆ ಬಂದ ಆಶಾ ಕಾರ್ಯಕರ್ತೆ ಅವ್ವಿಯ ಮೈ ಪರೀಕ್ಷಿಸಿ, ರೋಗ ತಗಲದಂತೆ ತಡೆಮಾತ್ರೆ ನುಂಗಿಸಿ, ನನ್ನ ಲೋಟದಲ್ಲೇ ಚಹಾ ಕುಡಿದು ಹೋದಳು. ಅದನ್ನು ಕಂಡ ಮೇಲೆ ಬೇರೆ ತೊಳೆಯುವುದು ನಿಂತಿತು. ದಿನಾ ಕೈಯನ್ನು ನೀರಲ್ಲಿ ನೆನೆಸಿ, ಎಣ್ಣೆ ಹಚ್ಚಿ, ಗಾಯವಿದೆಯೇ ಎಂದು ಕಣ್ಣಿಂದ ನೋಡಬೇಕು ಎಂದು ಡಾಕ್ಟರು ಹೇಳಿದ್ದರು. ಗಾಯವಾದರೆ ಕೈ ತಾನಾಗಿ ಹೇಳುವುದಿಲ್ಲವಲ್ಲ. ಆ ಕೆಲಸವನ್ನು ಅವ್ವಿ ತಾನು ಹಿಡಿದುಕೊಂಡಳು. ಕನ್ನಡಕ ಹಾಕಿಕೊಂಡು, ಅಕ್ಕಿಯಲ್ಲಿ ಕಲ್ಲು ಆರಿಸುವ ಹಾಗೆ ನನ್ನ ಬೆರಳುಗಳನ್ನು ಒಂದೊಂದಾಗಿ ನೋಡುತ್ತಿದ್ದಳು. “ಇಲ್ಲೊಂದು ಗೀರು ಅದೆ. ಎಲ್ಲಿ ತಾಗ್ಸಕಂಡೆ?” ಅನ್ನುತ್ತಿದ್ದಳು. ನನಗೆ ಗೊತ್ತಿರುತ್ತಿರಲಿಲ್ಲ.

ಆಶಾ ಕಾರ್ಯಕರ್ತೆ ಇನ್ನೊಂದು ಕೇಳಿದ್ದಳು. ಹೋದ ಒಂದೆರಡು ವರ್ಷದಲ್ಲಿ ನನ್ನೊಟ್ಟಿಗೆ ಹೆಚ್ಚು ಹೊತ್ತು ಇದ್ದವರ ಹೆಸರು ಬೇಕು, ಅವರಿಗೂ ಪರೀಕ್ಷೆ ಮತ್ತು ತಡೆಮಾತ್ರೆ ಆಗಬೇಕು. ನಾನು ತಂಡದ ಗಂಡಸರ ಹೆಸರು ಕೊಟ್ಟೆ. ಸುಲಭಾಳ ಹೆಸರು ಕೊಡಲಿಲ್ಲ. ತಂಡ ಬಿಟ್ಟು ಹೋಗಿದ್ದಾಳೆ, ಅಂಗಡಿಗೆ ಇಂಥ ಸುದ್ದಿ ಹಬ್ಬಿದರೆ ಗಿರಾಕಿ ಬರುವುದಿಲ್ಲ ಎಂದು ನನಗೆ ನಾನೇ ಕಾರಣ ಹೇಳಿಕೊಂಡೆ. ಅದು ಸುಳ್ಳಲ್ಲ. ಆದರೆ ಕಾರಣ ಅದಾಗಿರಲಿಲ್ಲ. ಅವಳಿಗೆ ಮಾತ್ರೆಯ ಸುದ್ದಿ ಹೇಳಿದರೆ ಗಾಜಿನ ಸುದ್ದಿಯೂ ಹೇಳಬೇಕಿತ್ತು.

ಮೂರನೆಯ ತಿಂಗಳಲ್ಲಿ ಮೊಣಕೈಯ ನರ ಊದಿಕೊಂಡು ಕೈ ಎತ್ತಲಾಗದಷ್ಟು ನೋವು ಬಂತು. ಬಹಳ ಕಾಲದ ಮೇಲೆ ಆ ಕೈಯಲ್ಲಿ ನೋವು ಕಂಡು ಗುಣವಾಗುತ್ತಿದೆ ಎಂದು ತಿಳಿದೆ. ಗುಣವಲ್ಲ, ತಡಮಾಡಿದರೆ ಇನ್ನಷ್ಟು ಬೆರಳು ಹೋಗುತ್ತವೆ ಎಂದು ಡಾಕ್ಟರು ಬೇರೆ ಮಾತ್ರೆ ಶುರು ಮಾಡಿದರು. ಆ ವಾರ ರಮಾಕಾಂತಣ್ಣ ನೋಡಲು ಬಂದ. ಅವನು ಪರೀಕ್ಷೆ ಮಾಡಿಸಿಕೊಂಡಿದ್ದ, ಏನೂ ಇರಲಿಲ್ಲ. ಚಹಾ ಕುಡಿಯುತ್ತ ಅಂದ, “ಇದನ್ನೇ ನಾಟಕ ಮಾಡುವಾ ವಸಂತಾ. ನೀನು, ನಿನ್ನ ಕೈ, ಆ ಕಂದೀಲು. ಬೇರೆ ಏನೂ ಬೇಡ.”

“ಸುಲಭಾಗೆ ಹೇಳಬೇಕು ಮೊದ್ಲು” ಅಂದೆ.

ಅವನು ಲೋಟ ಕೆಳಗಿಟ್ಟ. “ಏನಂತ ಹೇಳ್ತೆ? ನಿಂಗೆ ಆಗ ಗೊತ್ತಿರ್ಲಿಲ್ಲ, ನಂಗೂ ಇರ್ಲಿಲ್ಲ. ಸಿನಿಮಾ ನೋಡಿದವ್ರು ಕಂಡದ್ದು ಖರೇನೇ. ಅವಳು ಮಾಡಿದ್ದೂ ಖರೇ. ಈಗ ಹೋಗಿ ಹೇಳಿ ಯಾರಿಗೆ ಏನು ಬಂತು?”

ಹತ್ತು ವರ್ಷದಲ್ಲಿ ಅವನ ಮಾತಿಗೆ ನಾನು ಇಲ್ಲ ಅಂದದ್ದು ಆ ದಿನವೇ. ಅವನು ಜಗಳ ಮಾಡಲಿಲ್ಲ. ಅವ್ವಿಗೆ ನಮಸ್ಕಾರ ಹೇಳಿ ಹೋದ. ಆಮೇಲೆ ಬಂದಿಲ್ಲ.

ಆದರೂ ಸದಾಶಿವಗಡಕ್ಕೆ ಹೋಗಲು ನನಗೆ ಇನ್ನೊಂದು ತಿಂಗಳು ಹಿಡಿಯಿತು. ಒಂದು ದಿನ ಮಧ್ಯಾಹ್ನ ಹೋದೆ. ಕಾಳಿ ನದಿ ದಾಟಿ, ಬಸ್ಸಿಳಿದು, ಅಂಗಡಿಯ ಎದುರು ನಿಂತೆ. ಸುಲಭಾ ಮಿಶಿನ್ನಿನ ಮೇಲೆ ಬಗ್ಗಿದ್ದಳು. ಮಾತ್ರೆಯಿಂದ ನನ್ನ ಮುಖ ಕಪ್ಪಾಗಿತ್ತು. ಅವಳಿಗೆ ಮೊದಲಿಗೆ ಗುರುತು ಹತ್ತಲಿಲ್ಲ, ಆಮೇಲೆ ನಕ್ಕಳು.

“ಅರೇ, ಕಿತೆಂ ರೇ, ಏನಿದು ಬಣ್ಣ? ಹೊಸ ಪಾತ್ರನಾ? ಕುಳ್ಳು. ಅಳತೆ ಟೇಪ್ ಮೇಲೆ ಕುಳ್ಬೇಡ.”

ಹೊಲಿದ ಬಟ್ಟೆಯ ಅಂಚು ಕತ್ತರಿಸುವಾಗ ಅವಳು ಕತ್ತರಿಯನ್ನು ಹೆಬ್ಬೆರಳಿಗೆ ಹಾಕಿಕೊಂಡಿರಲಿಲ್ಲ. ನಡುಬೆರಳಿಗೆ ಹಾಕಿ ಓರೆಯಾಗಿ ಹಿಡಿದಿದ್ದಳು. ಹೆಬ್ಬೆರಳ ಬುಡದಿಂದ ಅಂಗೈಯ ನಡುವಿನವರೆಗೆ ಚರ್ಮ ಬಿಗಿದು ಹೊಳೆಯುತ್ತಿತ್ತು. ಐದು ವರ್ಷ ಆ ಕೈಯನ್ನು ಹಿಡಿದು ಆಡಿದವನು ನಾನು. ಆ ಕಲೆಯನ್ನು ಸರಿಯಾಗಿ ನೋಡಿದ್ದು ಅದೇ ಮೊದಲು.

ದಾರಿಯಲ್ಲಿ ಜೋಡಿಸಿಕೊಂಡು ಬಂದಿದ್ದ ಮಾತು ಯಾವುದೂ ಬರಲಿಲ್ಲ. ರೋಗದ ಹೆಸರು ಹೇಳಿದೆ. ಕೈ ಜಡವಾಗಿ ಎರಡು ವರ್ಷದ ಮೇಲಾಗಿದೆ ಎಂದೆ. ಗಾಜು ಹಿಡಿದಾಗ ನನಗೆ ಏನೂ ಆಗಿರಲಿಲ್ಲ, ನಾನು ಏನನ್ನೂ ತಡೆದುಕೊಂಡಿರಲಿಲ್ಲ ಎಂದೆ. ಇಷ್ಟೇ ಹೇಳಿದ್ದು. ಮಿಶಿನ್ನಿನ ಚಕ್ರದ ಮೇಲೆ ಅವಳ ಕೈ ಹಾಗೇ ಇತ್ತು.

“ಏನೂ ಆಗಿರ್ಲಿಲ್ಲ?”

“ಇಲ್ಲ.”

“ಒಂದ್ ಸಲನೂ?”

“ಇಲ್ಲ ಸುಲಭಾ.”

ರಸ್ತೆಯಲ್ಲಿ ಮೀನಿನ ಲಾರಿಯೊಂದು ಹೋಯಿತು. ಅವಳು ಹೊಲಿಯುತ್ತಿದ್ದ ಬಟ್ಟೆಯನ್ನು ಮಿಶಿನ್ನಿನಿಂದ ತೆಗೆದು ಪಕ್ಕಕ್ಕಿಟ್ಟಳು.

“ನಾ ಏನ್ ತಿಳ್ಕಂಡಿದ್ದೆ ಗೊತ್ತಾ ವಸಂತಾ? ಇವ್ನಿಗೂ ಇಷ್ಟೇ ಉರೀತದೆ, ಆದ್ರೆ ಇವ ದೊಡ್ಡವ, ತೋರ್ಸೂದಿಲ್ಲ ಅಂತ. ನಾ ಕತ್ತಲಲ್ಲಿ ಹಲ್ಲು ಕಚ್ಕಂಡ್ ನಿಲ್ತಿದ್ದೆ. ಮಾತು ಮುಗ್ಯೂ ತನಕ ಗಾಜು ಬಿಡ್ತಿರ್ಲಿಲ್ಲ. ಮನೆಗೆ ಬಂದ್ ಅಳ್ತಿದ್ದೆ. ಉರಿಗೆ ಅಲ್ಲ. ನಂಗೆ ಉರೀತದಲ್ಲ ಅಂತ. ನನ್ನಲ್ಲಿ ಏನೋ ಕಡಿಮೆ ಅದೆ ಅಂತ.”

ನಾನು ತಪ್ಪಾಯಿತು ಅಂದೆ.

“ನಿಂಗೆ ರೋಗ. ನಿನ್ನ ತಪ್ಪು ಹ್ಯಾಂಗೆ?” ತನ್ನ ಅಂಗೈ ನೋಡಿಕೊಂಡು ಅಂದಳು, “ಆದ್ರೆ ಡ್ರಮ್ಮಿನ ಹತ್ರ ಬಂದಿದ್ದೆಯಲ್ಲ. ಆಗ ಒಂದ್ ಸಲ ನನ್ನ ಕೈ ನೋಡ್ಬಹುದಿತ್ತು.”

ವಾಪಸು ಬರುತ್ತೀಯಾ, ಹೊಸದೇನಾದರೂ ಮಾಡೋಣವೇ ಎಂದು ಕೇಳಬೇಕೆಂದಿದ್ದೆ. ಕೇಳಲಿಲ್ಲ. ಪರೀಕ್ಷೆ ಮತ್ತು ಮಾತ್ರೆಯ ವಿಷಯ ಮಾತ್ರ ಹೇಳಿದೆ. ಅಂಗಡಿಗೆ ಯಾರನ್ನೂ ಕಳಿಸಬೇಡ, ತಾನೇ ಕಾರವಾರಕ್ಕೆ ಬರುತ್ತೇನೆ ಅಂದಳು. ಬಂದ ಗಿರಾಕಿಯ ಹತ್ತಿರ ನಗುತ್ತಲೇ ಮಾತಾಡಿದಳು. ನಾನು ಎದ್ದೆ.

ಮುಂದಿನ ಸೋಮವಾರ ಅವಳು ಆಸ್ಪತ್ರೆಗೆ ಬಂದಳು. ನಾನು ತಿಂಗಳ ಮಾತ್ರೆಗೆ ಬಂದಿದ್ದೆ. ನರ್ಸಮ್ಮ ಇಬ್ಬರನ್ನೂ ಒಳಗೆ ಕರೆದು, ಇವರು ನಿಮಗೇನಾಗಬೇಕು ಎಂದು ಅವಳನ್ನು ಕೇಳಿದರು. “ಒಟ್ಟಿಗೆ ನಾಟಕ ಮಾಡ್ತಿದ್ವು” ಅಂದಳು. ಬೆನ್ನು, ತೋಳು, ಕಿವಿ ನೋಡಿದರು. ಮಚ್ಚೆ ಇರಲಿಲ್ಲ. ಕೈ ತೋರಿಸಿ ಅಂದರು. ಅವಳು ಅಂಗೈ ಬಿಚ್ಚಿದಳು. ನರ್ಸಮ್ಮ ಆ ಕಲೆಯನ್ನು ಕಂಡು ನನ್ನ ಕೈಯತ್ತ ಒಮ್ಮೆ ನೋಡಿದರು. ಇವಳ ಕೈಯೂ ಜಡವಾಗಿದೆಯೇ ಎಂದು ಅವರಿಗೆ ಅನುಮಾನ ಬಂದಿರಬೇಕು. ಕಣ್ಣು ಮುಚ್ಚಲು ಹೇಳಿ, ಪೆನ್ನಿನ ತುದಿಯನ್ನು ಬಿಗಿದ ಚರ್ಮದ ಮೇಲೆ ಮೆಲ್ಲಗೆ ಇಟ್ಟರು.

“ಗೊತ್ತಾಗ್ತದಾ?”

“ಗೊತ್ತಾಗ್ತದೆ.”

“ಇಲ್ಲಿ?”

“ಅಲ್ಲಿಯೂ.” ಕಣ್ಣು ಮುಚ್ಚಿಕೊಂಡೇ ಅವಳು ಅಂದಳು, “ಅಲ್ಲಿ ಯಾವಾಗ್ಲೂ ಗೊತ್ತಾಗ್ತಿತ್ತು ನರ್ಸಮ್ಮ.”

ಏನೂ ತೊಂದರೆಯಿಲ್ಲ ಎಂದು ನರ್ಸಮ್ಮ ಬರೆದುಕೊಂಡರು. ಅವಳು ಅವರ ಎದುರೇ ಮಾತ್ರೆ ನುಂಗಿ, ನೀರು ಕುಡಿದು, ಹೊಲಿಗೆ ಬಾಕಿಯಿದೆ ಎಂದು ಹೇಳಿ ಹೊರಟಳು. ನಾನು ಬಸ್ ನಿಲ್ದಾಣದವರೆಗೆ ಬರಲೇ ಎಂದು ಕೇಳಿದೆ. ಬೇಡ ಅಂದಳು. ಸಿಟ್ಟಿನಲ್ಲಿ ಅಂದದ್ದಲ್ಲ. ನಾನು ಬಾಗಿಲಲ್ಲಿ ನಿಂತು ಅವಳು ಗೇಟು ದಾಟುವುದನ್ನು ನೋಡಿದೆ. ಒಳಗಿನಿಂದ ನರ್ಸಮ್ಮ ನನ್ನ ಹೆಸರು ಕರೆಯುತ್ತಿದ್ದರು.